ಅಡ್ಜಸ್ಟ್ ಮಾಡಿಕೊಂಡವರ ಜಾಗ

ಹನುಮಂತನಗರದ ಓದುಗರೊಬ್ಬರು ಬರೆದಿದ್ದಾರೆ. ಅವರದು 30x40 ಸೈಟು. ಮಲ್ಲಿಗೆ ಬಳ್ಳಿ ಹಬ್ಬಿಸಿಕೊಳ್ಳುತ್ತೇವೆ ಅಂತ ಪಕ್ಕದ ಮನೆಯವರು ಕೇಳಿದಾಗ, ಅವರ ತಂದೆ ಉದ್ದಕ್ಕೂ ಒಂದೂವರೆ ಅಡಿ ಬಿಟ್ಟುಕೊಟ್ಟರು. ಬರೀ ಬಾಯಿಮಾತು. ಆಮೇಲೆ ಅಲ್ಲಿ ಗೋಡೆ ಎದ್ದಿತು, ತಂದೆ ತೀರಿಕೊಂಡರು. ಈಗ ಪಕ್ಕದ ಮನೆಯ ಮಗ '12 ವರ್ಷ ದಾಟಿದೆ, ಜಾಗ ನಮ್ಮದು' ಅಂತ ಲಾಯರ್ ನೋಟಿಸ್ ಕಳಿಸಿದ್ದಾರೆ. 'ಒಂದೂವರೆ ಅಡಿಗೆ ಕೋರ್ಟು ಯಾಕೆ, ಬಿಟ್ಟುಬಿಡು ಅಂತಾನೆ ಅಣ್ಣ. ನೀವೇನಂತೀರಿ?' ಅಂತ ಕೇಳಿದ್ದಾರೆ.

ಬಿಡಬೇಡಿ ಅಂತೀನಿ. 40 ಅಡಿ ಉದ್ದಕ್ಕೆ ಅದು 60 ಚದರ ಅಡಿ, ನಿಮ್ಮ ಸೈಟಿನ ಇಪ್ಪತ್ತರಲ್ಲಿ ಒಂದು ಪಾಲು. ನಾಳೆ ಹಳೇ ಮನೆ ಒಡೆದು ಕಟ್ಟಲು ಹೋದರೆ ಸೆಟ್‌ಬ್ಯಾಕ್ (ಮನೆ ಸುತ್ತ ಖಾಲಿ ಬಿಡಬೇಕಾದ ಜಾಗ) ಲೆಕ್ಕಕ್ಕೂ ಅದು ಬೇಕು.

ಬೇರೆಯವರ ಜಾಗವನ್ನು 12 ವರ್ಷ ತಮ್ಮದೆಂಬಂತೆ ಅನುಭವಿಸಿದವರಿಗೆ ಅದರ ಹಕ್ಕು ಸಿಗಬಹುದು ಅನ್ನುವ ಈ ಪ್ರತಿಕೂಲ ಸ್ವಾಧೀನದ ಕಾನೂನಿಗೂ ಒಂದು ಕಾರಣ ಇದೆ, ಇಲ್ಲ ಅನ್ನಲ್ಲ. ದಶಕಗಳಿಂದ ಬಾಳಿಕೊಂಡು ಬಂದವರನ್ನು ಯಾರೋ ಹಳೇ ಪತ್ರ ಹಿಡಿದು ಬಂದು ಎಬ್ಬಿಸಬಾರದು. ಆದರೆ ನಿಮ್ಮ ತಂದೆಯಂಥವರಿಗೆ ಇದು ಬರೆ ಎಳೆಯುತ್ತದೆ. ಜಾಗ ಕೇಳಿದರೆ 'ಇಲ್ಲ' ಅನ್ನಲಾರದ, ಕೊಟ್ಟ ಮೇಲೆ 'ಬರೆದುಕೊಡಿ' ಅನ್ನಲೂ ಸಂಕೋಚಪಡುವ ಜನ ಅವರು. ಬೆಂಗಳೂರಿನ ಹಳೇ ಬಡಾವಣೆಗಳು ನಿಂತಿದ್ದೇ ಇಂಥವರಿಂದ, ಅಲ್ವಾ?

2008ರಲ್ಲಿ ಸುಪ್ರೀಂ ಕೋರ್ಟೇ ಈ ಕಾನೂನು ತರ್ಕಕ್ಕೆ ನಿಲ್ಲುವುದಿಲ್ಲ, ಮತ್ತೊಮ್ಮೆ ಯೋಚಿಸಿ ಅಂತ ಕೇಂದ್ರ ಸರ್ಕಾರಕ್ಕೆ ಹೇಳಿತ್ತು. 2019ರಲ್ಲಿ ಅದೇ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ, ಸ್ವಾಧೀನದಲ್ಲಿರುವವರು ಇದರ ಆಧಾರದ ಮೇಲೆ ತಾವೇ ದಾವೆ ಹೂಡಬಹುದು ಅಂದಿತು. 2023ರಲ್ಲಿ ಕಾನೂನು ಆಯೋಗ ತನ್ನ 280ನೇ ವರದಿಯಲ್ಲಿ ಬದಲಾವಣೆ ಬೇಕಿಲ್ಲ ಅಂತ ಕೈತೊಳೆದುಕೊಂಡಿತು. ನನಗೆ ಜಾಸ್ತಿ ಸಿಟ್ಟು ಬರುವುದು ಇನ್ನೊಂದಕ್ಕೆ. 1963ರ ಕಾಲಮಿತಿ ಕಾಯ್ದೆಯಲ್ಲಿ ಜಾಗ ವಾಪಸ್ ಕೇಳಿ ದಾವೆ ಹೂಡಲು ನಮಗೆ ನಿಮಗೆ 12 ವರ್ಷ, ಸರ್ಕಾರಕ್ಕೆ 30. ತಹಶೀಲ್ದಾರ್, ಸರ್ವೇಯರ್, ವಕೀಲರು ಎಲ್ಲ ಇರುವ ಸರ್ಕಾರಕ್ಕೆ ಅಷ್ಟು ಸಮಯ, ಗಂಡನನ್ನು ಕಳೆದುಕೊಂಡು ಮನೆ ನೋಡಿಕೊಳ್ಳುವ ಹೆಂಗಸಿಗೆ ಇಷ್ಟೇನಾ? ಅಷ್ಟು ಸಮಯ ಇದ್ದೂ ನಮ್ಮ ಕೆರೆಗಳು, ರಾಜಕಾಲುವೆಗಳು ಏನಾದವು ನೋಡಿ.

ಆದರೂ ನೋಟಿಸಿಗೆ ಹೆದರಬೇಡಿ. 12 ವರ್ಷ ಸುಮ್ನೆ ಕೂತ ಮಾತ್ರಕ್ಕೆ ಜಾಗ ಅವರದಾಗಲ್ಲ. ಅಸಲಿ ಮಾಲೀಕರ ಹಕ್ಕನ್ನು ಅಲ್ಲಗಳೆದು, ಎಲ್ಲರಿಗೂ ಕಾಣುವಂತೆ, ಅಡ್ಡಿಯಿಲ್ಲದೆ ಅನುಭವಿಸಿರಬೇಕು. ಯಾವ ತಾರೀಖಿನಿಂದ ಅಂತ ತೋರಿಸುವ ಹೊಣೆಯೂ ಅವರದೇ. ಕೇಳಿ ಪಡೆದ ಜಾಗದಲ್ಲಿ ಎಷ್ಟು ವರ್ಷ ಇದ್ದರೂ ಅದು ಅನುಮತಿಯ ಸ್ವಾಧೀನ. 'ಇದು ಮೊದಲಿಂದ ನಮ್ಮ ಸೈಟಿಗೇ ಸೇರಿದ್ದು' ಅಂತ ಅವರು ವಾದಿಸಿದರೆ ಅದೂ ಅವರಿಗೆ ತೊಡಕು. ಸ್ವಂತದ್ದು ಅನ್ನುವ ವಾದ, ಪ್ರತಿಕೂಲ ಸ್ವಾಧೀನದ ವಾದ ಎರಡೂ ಒಟ್ಟಿಗೆ ನಿಲ್ಲಲ್ಲ ಅಂತ 2004ರಲ್ಲಿ ಕರ್ನಾಟಕದ್ದೇ ವಕ್ಫ್ ಮಂಡಳಿಯ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ.

ಒಂದು ಮಾತಿಗೆ ಮಾತ್ರ ನಿಮ್ಮನ್ನು ಗದರಬೇಕು. ಗೋಡೆ ಎದ್ದ ದಿನವೇ ನೀವು ಕೇಳಬೇಕಿತ್ತು. 'ಎದುರುಬದುರು ಮುಖ ನೋಡಬೇಕಲ್ಲ' ಅಂತ ಬರೆದಿದ್ದೀರಿ. ಆ ಮುಲಾಜು ಅವರಿಗೂ ಇರಬೇಕಿತ್ತಲ್ಲ? ವಿಜಯನಗರದ ನನ್ನ ಸ್ನೇಹಿತರೊಬ್ಬರು ಕಾರು ನಿಲ್ಲಿಸಲು ಪಕ್ಕದವರಿಗೆ ಜಾಗ ಕೊಟ್ಟಾಗ, ಬಿಳಿ ಹಾಳೆಯಲ್ಲಿ ನಾಲ್ಕು ಸಾಲು ಬರೆದು ಇಬ್ಬರೂ ಸಹಿ ಹಾಕಿದರು. ಆಮೇಲೆ ಅಲ್ಲೇ ನಿಂತು ಕಾಫಿ ಕುಡಿದರು. ಇವತ್ತಿಗೂ ಯುಗಾದಿಗೆ ಒಬ್ಬಟ್ಟು ಆ ಮನೆಯಿಂದ ಈ ಮನೆಗೆ ಬರುತ್ತದೆ.

ಇನ್ನು ನಿಮ್ಮ ಕೆಲಸ. ಲೈಸೆನ್ಸ್ ಇರುವ ಸರ್ವೇಯರನ್ನು ಕರೆಸಿ, ಕ್ರಯಪತ್ರದ ಚಕ್ಕುಬಂದಿ ಮುಂದಿಟ್ಟುಕೊಂಡು ಅಳೆಸಿ. ಒಳ್ಳೆಯ ಸಿವಿಲ್ ವಕೀಲರಿಂದ ನೋಟಿಸಿಗೆ ಉತ್ತರ ಕೊಡಿಸಿ. ಆದರೆ ಬರೀ ನೋಟಿಸಿನಿಂದ ಕಾಲಮಿತಿ ನಿಲ್ಲಲ್ಲ, ದಾವೆಯನ್ನೇ ಹೂಡಬೇಕು. ಮಲ್ಲಿಗೆ ಬಳ್ಳಿಗೆ ಅಂತ ಜಾಗ ಕೇಳಲು ಅವರು ಬಂದಾಗ ನಿಮ್ಮ ತಾಯಿ ಅಲ್ಲೇ ಇದ್ದರು ಅಂತ ಬರೆದಿದ್ದೀರಲ್ಲ, ಅವರೇ ನಿಮ್ಮ ದೊಡ್ಡ ಸಾಕ್ಷಿ. ವಕೀಲರ ಬಳಿ ಹೋಗುವಾಗ ಅವರನ್ನೂ ಕರೆದುಕೊಂಡು ಹೋಗಿ. ಅಣ್ಣನನ್ನೂ.