ಕಾರ್ನಾಡರ ಲೇಖನದ ಬಗ್ಗೆ, ಕುಂಬಳೆಯ ಮಾಷ್ಟ್ರಿಗೆ

ನಮಸ್ಕಾರ ಮಾಷ್ಟ್ರೇ,

‘ಇತಿಹಾಸ, ವಿಜ್ಞಾನದ ಟಿವಿ ಕಾರ್ಯಕ್ರಮಗಳಲ್ಲಿ ಗಿರೀಶ ಕಾರ್ನಾಡರು’ ಎಂದು ನೀವು ಕಳಿಸಿದ ಲೇಖನ ಓದಿದೆ. ಈಗ ಇರುವ ಹಾಗೆ ಹಾಕಲಿಕ್ಕೆ ಆಗುವುದಿಲ್ಲ. ಬಿಡಲಿಕ್ಕೂ ಮನಸ್ಸಿಲ್ಲ, ಯಾಕೆಂದರೆ ಅವರ ನಾಟಕಗಳ ಬಗ್ಗೆ ಬರೆಯುವವರು ಬೇಕಾದಷ್ಟಿದ್ದಾರೆ, ದೂರದರ್ಶನದಲ್ಲಿ ಅವರು ನಡೆಸಿಕೊಡುತ್ತಿದ್ದ ವಿಜ್ಞಾನ ಕಾರ್ಯಕ್ರಮ ‘ಟರ್ನಿಂಗ್ ಪಾಯಿಂಟ್’ ಬಗ್ಗೆ ನಮಗೆ ಬರೆದವರು ನೀವೊಬ್ಬರೇ.

ಮೊದಲು ತಪ್ಪುಗಳು. ಶ್ಯಾಮ್ ಬೆನಗಲ್‌ರ ಇತಿಹಾಸದ ಧಾರಾವಾಹಿ ‘ಭಾರತ್ ಏಕ್ ಖೋಜ್’ನಲ್ಲಿ ನೆಹರೂ ಆದದ್ದು ರೋಶನ್ ಸೇಠ್, ಕಾರ್ನಾಡ್ ಅಲ್ಲ. ‘ಕನಕ ಪುರಂದರ’, ಬೇಂದ್ರೆಯವರ ಮೇಲಿನ ಸಾಕ್ಷ್ಯಚಿತ್ರ ಎರಡೂ ಕಾರ್ನಾಡರು ನಿರ್ದೇಶಿಸಿದ್ದು, ನಟನೆಯ ಲೆಕ್ಕಕ್ಕೆ ಸೇರಿಸಬೇಡಿ. ‘ಸಾಹಿತಿಗೆ ವಿಜ್ಞಾನದ ನಂಟು ಎಲ್ಲಿಂದ ಬಂತೋ’ ಎಂದು ಆಶ್ಚರ್ಯಪಟ್ಟಿದ್ದೀರಿ. ಧಾರವಾಡದಲ್ಲಿ ಅವರು ಓದಿದ್ದೇ ಗಣಿತ, ಸಂಖ್ಯಾಶಾಸ್ತ್ರ ಮಾರಾಯ್ರೇ! 1958ರಲ್ಲಿ ಪದವಿ. ‘ತುಘಲಕ್’ ಬಗ್ಗೆ ಇರುವ ಒಂದೂವರೆ ಪುಟ ಪೂರ್ತಿ ತೆಗೆಯಿರಿ.

ನನ್ನ ದೊಡ್ಡ ತಕರಾರು ಬೇರೆ. ‘ಅದ್ಭುತ’, ‘ಮನೋಜ್ಞ’ ಎಂದು ಸಾಲು ಸಾಲು ಹೊಗಳಿದ್ದೀರಿ, ಆದರೆ ಆ ನಟ ಕ್ಯಾಮೆರಾ ಮುಂದೆ ಮಾಡಿದ್ದೇನು ಎಂಬುದು ಎಲ್ಲೂ ಇಲ್ಲ. 1988ರಲ್ಲಿ ಶುರುವಾದ ಬೆನಗಲ್‌ರ ಆ 53 ಕಂತುಗಳನ್ನೇ ತೆಗೆದುಕೊಳ್ಳಿ. ಓಂ ಪುರಿ ಒಮ್ಮೆ ಅಶೋಕ, ಇನ್ನೊಮ್ಮೆ ಔರಂಗಜೇಬ್. ವೇಷ ಇದೆ, ಪಾತ್ರದ ಮರೆ ಇದೆ. ತೊಂಬತ್ತರ ದಶಕದ ಶುರುವಿನ ‘ಟರ್ನಿಂಗ್ ಪಾಯಿಂಟ್’ನಲ್ಲಿ ಕಾರ್ನಾಡರಿಗೆ ಅದ್ಯಾವುದೂ ಇರಲಿಲ್ಲ, ತಮ್ಮದೇ ಹೆಸರು, ತಮ್ಮದೇ ಮುಖ; ನೋಡುಗರ ಪ್ರಶ್ನೆಗಳಿಗೆ ಉತ್ತರ ಹೇಳಲಿಕ್ಕೆ ಪ್ರೊ. ಯಶ್ ಪಾಲ್ ಇದ್ದರು, ಅಂದಮೇಲೆ ವಿಜ್ಞಾನಿಯ ಜಾಗಕ್ಕೆ ಕೈಹಾಕದೆ, ಸುಮ್ನೆ ಓದಿ ಹೇಳುವವನಂತೆಯೂ ಕಾಣದೆ, ಮನೆಯಲ್ಲಿ ಕೂತವರನ್ನು ವಿಷಯದ ಹತ್ತಿರ ಕರೆದೊಯ್ಯುವುದೊಂದೇ ನಟನಿಗೆ ಉಳಿದ ಕೆಲಸ. ನೀವು ಯಕ್ಷಗಾನ ಕವಿ ಪಾರ್ತಿಸುಬ್ಬನ ಊರಿನವರು, ಇದನ್ನು ನಾನು ಹೇಳಬೇಕಾ? ಅದು ವೇಷ ಕಟ್ಟಿ ಆಡುವ ಆಟ, ಇದು ತಾಳಮದ್ದಳೆಯ ಕೂಟ. ಬಣ್ಣ ಹಚ್ಚದೆ, ಕೂತಲ್ಲೇ, ಬರೀ ಮಾತಿನಲ್ಲಿ ನಂಬಿಸುವ ಅರ್ಥಧಾರಿಯ ಕಷ್ಟ ನಿಮಗೆ ಗೊತ್ತಿದೆ. ಅವನಾದರೂ ಭೀಷ್ಮನೋ ಕರ್ಣನೋ ಆಗಿರುತ್ತಾನೆ, ಇವರಿಗೆ ಅದೂ ಇಲ್ಲ. ಲೇಖನ ಇಲ್ಲಿಂದ ಶುರುವಾಗಲಿ.

ಅಬ್ದುಲ್ ಕಲಾಂ ಆತ್ಮಕಥೆಯ ಆಡಿಯೋ ಪುಸ್ತಕಕ್ಕೆ ಕಾರ್ನಾಡರು ದನಿ ಕೊಟ್ಟದ್ದನ್ನು ಒಂದೇ ಸಾಲಿನಲ್ಲಿ ಮುಗಿಸಿದ್ದೀರಿ. ಅದನ್ನು ಬೆಳೆಸಿ. ಅಲ್ಲಿ ಮುಖವೂ ಇಲ್ಲ, ಮೇಲಿಂದ ಬದುಕು ಇನ್ನೊಬ್ಬರದ್ದು. ಒಮ್ಮೆ ಕೇಳಿ ಬರೆಯಿರಿ, ಕೇಳದೆ ಬರೆದದ್ದು ಗೊತ್ತಾಗುತ್ತದೆ.

900 ಪದ ಸಾಕು. ಜಾಸ್ತಿ ಆದರೆ ನಾನೇ ಕತ್ತರಿಸುತ್ತೇನೆ, ಆಮೇಲೆ ಬೇಸರ ಮಾಡಬಾರದು. ಫೋಟೊ ಇಂಟರ್ನೆಟ್‌ನಿಂದ ತೆಗೆದು ಕಳಿಸಬೇಡಿ, ಅದನ್ನು ನಾವು ನೋಡಿಕೊಳ್ಳುತ್ತೇವೆ.