ಸಂಪಾದಕರ ಉತ್ತರ: ಕೆಂಪು ಶಾಯಿಯ ಋಣ

ಮಾನ್ಯರೇ,

ನಿಮ್ಮ ಪತ್ರ ಕೈಸೇರಿ ಮೂರು ವಾರ ಕಳೆಯಿತು. ಒಂದು ಅಕ್ಷರವನ್ನೂ ಹೊಡೆದುಹಾಕದೆ ಬರೆದ ಆರು ಪುಟಗಳ ಪತ್ರಕ್ಕೆ ನಾಲ್ಕು ಸಾಲಿನ ಉತ್ತರ ಕೊಟ್ಟು ಮುಗಿಸುವುದು ಸರಿಯಲ್ಲವೆನಿಸಿ ತಡಮಾಡಿದೆ, ಕ್ಷಮಿಸಬೇಕು. ಇತರ ಓದುಗರಿಗೂ ವಿಷಯ ತಿಳಿಯಲೆಂದು ಪತ್ರದ ಸಾರವನ್ನು ಮೊದಲು ಹೇಳುತ್ತೇನೆ. ಯುದ್ಧಕಾಲದ ಐತಿಹಾಸಿಕ ಕಥನಗಳ ಬಗ್ಗೆ ಕಳೆದ ಸಂಚಿಕೆಯಲ್ಲಿ ಬರೆಯುವಾಗ, ಚೀನಾದ ಲೇಖಕ ಲು ಶುನ್ ಮತ್ತು ಅವರ ಜಪಾನೀ ಗುರು ಫುಜಿನೊ ಅವರ ಸಂಬಂಧವನ್ನು ನಾನು ಎರಡು ಸಾಲಿನಲ್ಲಿ ಮೆಚ್ಚಿಕೊಂಡಿದ್ದೆ. ಮೂವತ್ತು ವರ್ಷ ಹೈಸ್ಕೂಲಿನಲ್ಲಿ ಪಾಠ ಹೇಳಿದ ನಿಮಗೆ ಆ ಮೆಚ್ಚುಗೆ ಹಿಡಿಸಲಿಲ್ಲ. ತನ್ನ ನಾಡಿನವರ ತಲೆ ಕಡಿಯುವ ದೇಶದ ಮೇಷ್ಟರಿಗೆ ಕೈಮುಗಿಯುವ ಶಿಷ್ಯನ ಕಥೆಯು ಒಂದು ಯುದ್ಧದ ಪಾಪವನ್ನು ಒಬ್ಬ ಒಳ್ಳೆಯ ಮನುಷ್ಯನ ಪುಣ್ಯದಿಂದ ತೊಳೆದುಬಿಡುತ್ತದೆ ಎಂಬುದು ನಿಮ್ಮ ಆಕ್ಷೇಪ. ಅರ್ಜುನನಾದರೂ ದ್ರೋಣರ ಎದುರು ಬಿಲ್ಲು ಹಿಡಿದನಲ್ಲವೇ ಎಂದು ಕೇಳಿದ್ದೀರಿ. ಕೊನೆಯಲ್ಲಿ, 1942ರ ಚಳವಳಿಯ ಹಿನ್ನೆಲೆಯಲ್ಲಿ ನೀವೇ ಬರೆಯುತ್ತಿರುವ ಕಾದಂಬರಿಯ ಎರಡು ಅಧ್ಯಾಯಗಳನ್ನು ಲಗತ್ತಿಸಿ, ನಿಮ್ಮ ನಾಯಕ ತನ್ನ ಇಂಗ್ಲಿಷ್ ಪ್ರೊಫೆಸರಿಗೆ ನಿಷ್ಠನಾಗಿರಬೇಕೋ ಚಳವಳಿಗೋ ಎಂದು ತಿಳಿಯದೆ ಬರವಣಿಗೆ ನಿಂತುಹೋಗಿದೆ ಎಂದಿದ್ದೀರಿ.

ಎರಡು ಸಾಲಿನಲ್ಲಿ ಹೇಳಿ ಮುಗಿಸಿದ್ದು ನನ್ನ ತಪ್ಪು. ಆ ಕಥೆಯನ್ನು ಈಗ ಪೂರ್ತಿಯಾಗಿ ನಿಮ್ಮ ಮುಂದಿಡುತ್ತೇನೆ.

ಲು ಶುನ್ ಎಂಬುದು ಮುಂದೆ ಇಟ್ಟುಕೊಂಡ ಹೆಸರು. 1904ರ ಸೆಪ್ಟೆಂಬರಿನಲ್ಲಿ ಉತ್ತರ ಜಪಾನಿನ ಸೆಂದಾಯ್ ಊರಿನ ವೈದ್ಯಕೀಯ ಶಾಲೆಗೆ ಸೇರಿದಾಗ ಅವರು ಜೌ ಶುರೆನ್ ಎಂಬ ಯುವಕ. ಆ ವರ್ಷ ಫೆಬ್ರವರಿಯಲ್ಲೇ ರಷ್ಯಾಕ್ಕೂ ಜಪಾನಿಗೂ ಯುದ್ಧ ಹತ್ತಿಕೊಂಡಿತ್ತು. ಕಾದಾಡುತ್ತಿದ್ದವರು ಅವರಿಬ್ಬರಾದರೂ ಕಾಳಗ ನಡೆದದ್ದು ಚೀನಾದ ಮಂಚೂರಿಯಾದ ನೆಲದ ಮೇಲೆ. ಸತ್ತವರಲ್ಲಿ, ಊರು ಬಿಟ್ಟು ಓಡಿದವರಲ್ಲಿ, ಗೂಢಚಾರರೆಂದು ಎರಡೂ ಕಡೆಯವರ ಕೈಗೆ ಸಿಕ್ಕಿಬಿದ್ದವರಲ್ಲಿ ಆ ನೆಲದ ಮಕ್ಕಳಿದ್ದರು. ಹೀಗೆ ಆ ಹುಡುಗ ತನ್ನ ನೆಲವನ್ನು ತುಳಿಯುತ್ತಿದ್ದ ದೇಶದಲ್ಲಿ ಕುಳಿತು, ತನ್ನವರ ರೋಗ ವಾಸಿಮಾಡುವ ಆಸೆಯಿಂದ ವೈದ್ಯ ಕಲಿಯುತ್ತಿದ್ದ.

ಅಂಗರಚನಾಶಾಸ್ತ್ರ ಕಲಿಸುತ್ತಿದ್ದ ಫುಜಿನೊ ಗೆನ್‌ಕುರೊ ಅವರಿಗೆ ಆಗ ಮೂವತ್ತು ವರ್ಷ. ಕಪ್ಪಗೆ, ತೆಳ್ಳಗೆ ಇದ್ದರು. ಉಡುಗೆಯ ಮೇಲೆ ಗಮನವಿರಲಿಲ್ಲ, ಟೈ ಕಟ್ಟುವುದನ್ನೇ ಕೆಲವೊಮ್ಮೆ ಮರೆತು ಬರುತ್ತಿದ್ದರು. ಪಾಠ ಶುರುವಾದ ಸ್ವಲ್ಪ ದಿನಕ್ಕೇ ಈ ಚೀನೀ ಹುಡುಗನನ್ನು ಕರೆಸಿ, ನಾನು ಹೇಳುವುದನ್ನು ಬರೆದುಕೊಳ್ಳಲು ಆಗುತ್ತಿದೆಯೇ ಎಂದು ಕೇಳಿದರು, ನೋಟ್ಸ್ ತಂದು ತೋರಿಸಲು ಹೇಳಿದರು. ಎರಡು ಮೂರು ದಿನ ಕಳೆದು ಪುಸ್ತಕ ಹಿಂದಿರುಗಿದಾಗ ಮೊದಲ ಪುಟದಿಂದ ಕೊನೆಯ ಪುಟದವರೆಗೆ ಕೆಂಪು ಶಾಯಿ ಹರಿದಿತ್ತು. ಬಿಟ್ಟುಹೋದ ಮಾತುಗಳನ್ನು ತುಂಬಿದ್ದರು, ಜಪಾನೀ ವ್ಯಾಕರಣದ ದೋಷಗಳನ್ನೂ ಒಂದೊಂದಾಗಿ ತಿದ್ದಿದ್ದರು. ತಾವು ಕಲಿಸುವ ವಿಷಯಗಳು ಮುಗಿಯುವವರೆಗೂ ಪ್ರತಿ ವಾರ ಇದು ತಪ್ಪದೆ ನಡೆಯಿತು. ಒಮ್ಮೆ ಮುಂಗೈಯ ರಕ್ತನಾಳಗಳ ಚಿತ್ರದಲ್ಲಿ ಹುಡುಗ ಒಂದು ನಾಳವನ್ನು ಅಂದಕ್ಕಾಗಿ ತುಸು ಅತ್ತ ಸರಿಸಿ ಬರೆದಿದ್ದ. ಹೀಗೆ ಬರೆದರೆ ನೋಡಲು ಚೆನ್ನಾಗಿರುವುದು ನಿಜ, ಆದರೆ ಇದು ಚಿತ್ರಕಲೆಯಲ್ಲ, ಇರುವುದನ್ನು ನಾವು ಬದಲಿಸುವಂತಿಲ್ಲ ಎಂದು ಮೇಷ್ಟರು ಬಹಳ ಮೃದುವಾಗಿ ಹೇಳಿದರು. ಹುಡುಗ ಬಾಯಲ್ಲಿ ಹೂಂಗುಟ್ಟಿ, ಚಿತ್ರ ನಾನು ಬರೆದದ್ದೇ ಸರಿ ಎಂದು ಮನಸ್ಸಿನಲ್ಲಿ ಅಂದುಕೊಂಡ. ಮೂವತ್ತು ವರ್ಷ ತರಗತಿಯಲ್ಲಿ ನಿಂತ ನಿಮಗೆ ಆ ಹೂಂಗುಟ್ಟುವಿಕೆಯ ಪರಿಚಯ ನನಗಿಂತ ಚೆನ್ನಾಗಿ ಇರುತ್ತದೆ.

ಇನ್ನು ತರಗತಿಯ ಉಳಿದವರ ವಿಷಯ. ವಾರ್ಷಿಕ ಪರೀಕ್ಷೆಯಲ್ಲಿ ಜೌ 142 ಮಂದಿಯಲ್ಲಿ 68ನೆಯವರಾಗಿ ತೇರ್ಗಡೆಯಾದರು. ಫುಜಿನೊ ನೋಟ್ಸಿನಲ್ಲಿ ಗುರುತು ಹಾಕಿ ಪ್ರಶ್ನೆಗಳನ್ನು ಮೊದಲೇ ತಿಳಿಸಿದ್ದರು ಎಂದು ಕೆಲವು ಸಹಪಾಠಿಗಳು ಪುಕಾರು ಎಬ್ಬಿಸಿದರು, ಪಶ್ಚಾತ್ತಾಪ ಪಡು ಎಂದು ಆರಂಭವಾಗುವ ಸಹಿಯಿಲ್ಲದ ಕಾಗದ ಕಳಿಸಿದರು. ಶಾಲೆಯ ದಾಖಲೆಯಲ್ಲಿ ಆ ವರ್ಷದ ಅಂಕಗಳು ಉಳಿದಿವೆ. ಫುಜಿನೊ ಕಲಿಸಿದ ಅಂಗರಚನಾಶಾಸ್ತ್ರದಲ್ಲಿ ಜೌ ಅವರಿಗೆ ಬಂದದ್ದು 59.3, ಅವರ ಎಲ್ಲ ವಿಷಯಗಳಲ್ಲಿ ಅರವತ್ತಕ್ಕಿಂತ ಕೆಳಗಿಳಿದದ್ದು ಅದೊಂದೇ. ವಾರವಾರವೂ ಕೂತು ನೋಟ್ಸ್ ತಿದ್ದಿದ ಮೇಷ್ಟರ ವಿಷಯದಲ್ಲೇ ಆ ಅಂಕ ಬಂದದ್ದು. ಫುಜಿನೊ ಅವರ ಬಗ್ಗೆ ನನಗಿರುವ ಗೌರವ ಆ 59.3ರಿಂದ ಇಮ್ಮಡಿಯಾಗಿದೆ. ಅವರು ಚೀನಾಕ್ಕೆ ದಯೆ ತೋರಿಸಲಿಲ್ಲ, ಜಪಾನಿಗೆ ಬಿಟ್ಟುಕೊಡಲಿಲ್ಲ. ಒಬ್ಬ ವಿದ್ಯಾರ್ಥಿಗೆ ಪಾಠ ಹೇಳಿದರು.

ಮುಂದಿನದು ನಿಮ್ಮ ಆಕ್ಷೇಪದ ನಡುಬಿಂದು. ಪಾಠ ಬೇಗ ಮುಗಿದ ದಿನಗಳಲ್ಲಿ ತರಗತಿಯಲ್ಲಿ ಯುದ್ಧದ ಸ್ಲೈಡುಗಳನ್ನು ತೋರಿಸುತ್ತಿದ್ದರು. ರಷ್ಯನ್ನರ ಪರವಾಗಿ ಗೂಢಚಾರಿಕೆ ಮಾಡಿದನೆಂದು ಒಬ್ಬ ಚೀನೀಯನನ್ನು ಜಪಾನೀ ಸೈನಿಕರು ಕೊಲ್ಲುವ ದೃಶ್ಯ ಒಮ್ಮೆ ಪರದೆಯ ಮೇಲೆ ಬಂತು. ಸುತ್ತ ನಿಂತು ನೋಡುತ್ತಿದ್ದವರೂ ಚೀನೀಯರೇ. ತರಗತಿ ಜಯಕಾರ ಹಾಕಿತು. ಆ ಕೋಣೆಯಲ್ಲಿ ಕೂತಿದ್ದ ಚೀನೀಯ ತಾನೊಬ್ಬನೇ ಎಂದು ಲು ಶುನ್ ಬರೆಯುತ್ತಾರೆ. ದೇಹದ ರೋಗಕ್ಕಿಂತ ಮೊದಲು ಮನಸ್ಸಿನ ಜಡತೆಗೆ ಮದ್ದು ಬೇಕೆಂದು ತೀರ್ಮಾನಿಸಿ 1906ರಲ್ಲಿ ಅವರು ಸೆಂದಾಯ್ ಬಿಟ್ಟರು.

ಬಿಡುವ ಮುನ್ನ ಹೇಳಿಹೋಗಲು ಗುರುವಿನ ಬಳಿ ಬಂದರು. ವೈದ್ಯ ಬಿಡುತ್ತೇನೆಂದಾಗ ಫುಜಿನೊ ಅವರ ಮುಖ ಬಾಡಿತು. ಅದನ್ನು ನೋಡಲಾರದೆ ಶಿಷ್ಯ, ಜೀವಶಾಸ್ತ್ರ ಓದಬೇಕೆಂದಿದ್ದೇನೆ, ನೀವು ಕಲಿಸಿದ್ದು ಅಲ್ಲಿ ಉಪಯೋಗಕ್ಕೆ ಬರುತ್ತದೆ ಎಂದ. ಅದು ಸುಳ್ಳು, ಜೀವಶಾಸ್ತ್ರ ಓದುವ ಯೋಚನೆಯೇ ಅವನಿಗಿರಲಿಲ್ಲ. ಹೊರಡುವ ಕೆಲವು ದಿನ ಮೊದಲು ಗುರು ಅವನನ್ನು ಮನೆಗೆ ಕರೆಸಿ ತಮ್ಮ ಒಂದು ಫೋಟೋ ಕೊಟ್ಟರು. ಅದರ ಹಿಂದೆ ಅಗಲಿಕೆಯ ನೋವು ಎಂಬರ್ಥದ ಎರಡು ಅಕ್ಷರಗಳಿದ್ದವು. ಶಿಷ್ಯ ಮತ್ತೆ ಒಂದು ಕಾಗದವನ್ನೂ ಬರೆಯಲಿಲ್ಲ. 1926ರಲ್ಲಿ ಇದನ್ನೆಲ್ಲ ನೆನೆದು ಬರೆಯುವಾಗ, ಬೀಜಿಂಗಿನ ತಮ್ಮ ಮನೆಯಲ್ಲಿ ಆ ಫೋಟೋ ಮೇಜಿನ ಎದುರು ಗೋಡೆಯ ಮೇಲಿದೆ ಎಂದೂ, ರಾತ್ರಿ ದಣಿದು ಬರವಣಿಗೆ ನಿಲ್ಲಿಸಬೇಕೆನಿಸಿದಾಗ ಆ ಮುಖ ಕಂಡು ಮತ್ತೆ ಲೇಖನಿ ಹಿಡಿಯುತ್ತೇನೆ ಎಂದೂ ಹೇಳಿದ್ದಾರೆ.

ಈಗ ನೀವೇ ಹೇಳಿ, ಈ ಕಥೆಯಲ್ಲಿ ಯುದ್ಧದ ಪಾಪ ತೊಳೆದುಹೋಯಿತೇ? ಸ್ಲೈಡು ಸ್ಲೈಡಾಗಿಯೇ ಉಳಿಯಿತು, ಜಯಕಾರ ಕಿವಿಯಲ್ಲಿ ಉಳಿಯಿತು, ಹುಡುಗ ಊರು ಬಿಟ್ಟೇ ಬಿಟ್ಟ. ಗುರುವಿನ ಒಳ್ಳೆಯತನ ಅವನನ್ನು ಅಲ್ಲಿ ಹಿಡಿದು ನಿಲ್ಲಿಸಲಿಲ್ಲ. ಬಿಟ್ಟುಬಂದ ಮೇಲೆ ಋಣವೂ ಹರಿಯಲಿಲ್ಲ. ನೀವು ಹೇಳುವ ಅಪಾಯ ನಿಜವಾದದ್ದೇ, ಆದರೆ ಅದು ಇರುವುದು ಬೇರೆ ಕಡೆ.

ಅದು ಎಲ್ಲಿದೆ ಎಂಬುದನ್ನು ಇದೇ ಗುರುಶಿಷ್ಯರ ಮೇಲೆ ಜಪಾನೀ ಲೇಖಕ ದಜಾಯ್ ಒಸಾಮು ಬರೆದ ಐತಿಹಾಸಿಕ ಕಾದಂಬರಿಯಲ್ಲಿ ಕಾಣಬಹುದು. 1943ರ ನವೆಂಬರಿನಲ್ಲಿ, ತನ್ನ ಪರವಾಗಿದ್ದ ಏಷ್ಯಾದ ಸರಕಾರಗಳನ್ನು ಕರೆದು ಜಪಾನ್ ಏರ್ಪಡಿಸಿದ ಮಹಾ ಪೂರ್ವ ಏಷ್ಯಾ ಸಮ್ಮೇಳನ ಟೋಕಿಯೋದಲ್ಲಿ ನಡೆಯಿತು. ನೇತಾಜಿ ಸುಭಾಷಚಂದ್ರ ಬೋಸರು ವೀಕ್ಷಕರಾಗಿ ಕುಳಿತಿದ್ದ ಸಭೆ ಅದು. ಅಲ್ಲಿ ಹೊರಡಿಸಿದ ಘೋಷಣೆಯ ಐದು ತತ್ತ್ವಗಳಿಗೆ ಕಥೆಯ ರೂಪ ಕೊಡುವ ಕೆಲಸವನ್ನು ಜಪಾನ್ ಸರಕಾರದ ಮಾಹಿತಿ ಇಲಾಖೆ ಮತ್ತು ಸಾಹಿತಿಗಳ ದೇಶಭಕ್ತ ಸಂಘ ಲೇಖಕರಿಗೆ ಹಂಚಿದಾಗ, ಸ್ವಾತಂತ್ರ್ಯ ಮತ್ತು ಸೌಹಾರ್ದದ ತತ್ತ್ವ ದಜಾಯ್ ಅವರ ಪಾಲಿಗೆ ಬಂತು. ಚೀನಾದ ಮೇಲೆ ಜಪಾನಿನ ಯುದ್ಧ ನಡೆಯುತ್ತಿರುವಾಗಲೇ ಆ ಎರಡು ದೇಶಗಳ ಸ್ನೇಹದ ಕಥೆ ಬರೆಯಬೇಕಾಯಿತು. ದಜಾಯ್ ಸಾಮಾನ್ಯ ಲೇಖಕರಲ್ಲ, ಈ ಇಕ್ಕಟ್ಟು ಅವರಿಗೆ ತಿಳಿದಿತ್ತು. ಅವರ ನಿರೂಪಕ ಜೌ ಅವರ ಹಳೆಯ ಸಹಪಾಠಿಯಾದ ಒಬ್ಬ ಮುದಿ ವೈದ್ಯ. ಪತ್ರಕರ್ತನೊಬ್ಬ ಬಂದು ತನ್ನ ನೆನಪುಗಳನ್ನು ದೇಶಮೈತ್ರಿಯ ಸಿಹಿ ಲೇಖನವನ್ನಾಗಿ ಮಾಡಿದ್ದು ಒಪ್ಪಿಗೆಯಾಗದೆ, ತನ್ನ ಕೈಯಲ್ಲೇ ನಿಜ ಬರೆಯಲು ಕೂರುತ್ತಾನೆ. ಎಷ್ಟು ಎಚ್ಚರದ ಆರಂಭ! ಆದರೂ ಮುಂದೆ ಹೋದಂತೆ ಸ್ಲೈಡಿನ ಗಾಯ ಹಗುರವಾಗುತ್ತದೆ. ಜೌ ಆ ಚಿತ್ರ ನೋಡಿ ಸಾಹಿತ್ಯಕ್ಕೆ ತಿರುಗಿದವರಲ್ಲ, ಮೊದಲಿನಿಂದ ಇದ್ದ ಒಲವು ಹೊರಬಂತು ಅಷ್ಟೇ ಎಂದು ನಿರೂಪಕ ಹೇಳುತ್ತಾನೆ. ಸಹಿಯಿಲ್ಲದ ಕಾಗದದ ಅವಮಾನವೂ ಹುಡುಗರ ತಪ್ಪು ತಿಳಿವಳಿಕೆಯ ಮಟ್ಟಕ್ಕೆ ಇಳಿಯುತ್ತದೆ. ಲು ಶುನ್ ಅವರನ್ನು ಆಳವಾಗಿ ಓದಿದ್ದ ಜಪಾನೀ ವಿಮರ್ಶಕ ತಾಕೆಉಚಿ ಯೊಶಿಮಿ ಚೀನಾದ ಸೈನಿಕ ಸೇವೆಯಿಂದ ಮರಳಿದ ಮೇಲೆ ಈ ಕಾದಂಬರಿಯನ್ನು ಕಟುವಾಗಿ ವಿಮರ್ಶಿಸಿದ್ದು ಈ ಕಾರಣಕ್ಕೇ. ಪುಸ್ತಕ ಅಚ್ಚಾಗಿ ಬಂದದ್ದು 1945ರ ಸೆಪ್ಟೆಂಬರಿನಲ್ಲಿ. ಅಷ್ಟರಲ್ಲಿ ಜಪಾನ್ ಶರಣಾಗಿತ್ತು.

ಗುರುವಿನ ಮೇಲಿನ ಪ್ರೀತಿಯಿಂದ ಕಥೆ ಸುಳ್ಳಾಗುವುದಿಲ್ಲ. ಆ ಗುರುವನ್ನು ದೇಶದ ಪ್ರತಿನಿಧಿಯನ್ನಾಗಿ ನಿಲ್ಲಿಸಿ, ಅವನ ಕೆಂಪು ಶಾಯಿಯನ್ನು ದೇಶದ ಲೆಕ್ಕಕ್ಕೆ ಜಮಾ ಮಾಡಿದಾಗ ಸುಳ್ಳಾಗುತ್ತದೆ.

ನೀವು ಎತ್ತಿದ ದ್ರೋಣರ ಮಾತಿಗೆ ಬರುತ್ತೇನೆ. ಹಳಗನ್ನಡದಲ್ಲಿ ಜೋಳವಾಳಿ ಎಂಬ ಮಾತಿದೆ. ಉಂಡ ಜೋಳಕ್ಕೆ ತೆರಬೇಕಾದ ಋಣ ಅದು. ಯುದ್ಧಕ್ಕೆ ಮುನ್ನ ಧರ್ಮರಾಯ ನಮಸ್ಕರಿಸಲು ಬಂದಾಗ, ಮನುಷ್ಯ ಅರ್ಥದ, ಎಂದರೆ ಹಣದ, ದಾಸ, ಕೌರವರು ನನ್ನನ್ನು ಅರ್ಥದಿಂದ ಕಟ್ಟಿಹಾಕಿದ್ದಾರೆ ಎಂದು ದ್ರೋಣರು ತಮ್ಮ ಜೋಳವಾಳಿಯನ್ನು ಒಪ್ಪಿಕೊಳ್ಳುತ್ತಾರೆ. ಕಾದುವುದು ಅವರ ಪರವಾಗಿ, ಗೆಲುವು ನಿನಗಾಗಲಿ ಎಂದು ಹರಸುತ್ತಾರೆ. ನಂಬಿಕಸ್ಥನ ಬಾಯಿಂದ ಅಪ್ರಿಯವಾದ ಸುದ್ದಿ ಕೇಳಿದರೆ ಶಸ್ತ್ರ ಕೆಳಗಿಡುತ್ತೇನೆಂದು ತಮ್ಮ ಸಾವಿನ ಗುಟ್ಟನ್ನೂ ಶಿಷ್ಯನ ಕೈಗೆ ಕೊಡುತ್ತಾರೆ. ಅರ್ಜುನ ಬಿಲ್ಲು ಹಿಡಿದದ್ದು ನಿಜ. ಆದರೆ ಜಯದ್ರಥನನ್ನು ಅರಸಿ ಹೊರಟ ದಿನ, ನೀವು ನನಗೆ ಗುರು, ಶತ್ರುವಲ್ಲ ಎಂದು ದ್ರೋಣರನ್ನು ಬಳಸಿಕೊಂಡು ಹೋದವನೂ ಅವನೇ. ಕೊನೆಗೆ ಗುರುವನ್ನು ಬೀಳಿಸಿದ್ದು ಬಾಣವಲ್ಲ, ಅಶ್ವತ್ಥಾಮನ ಹೆಸರಿನಲ್ಲಿ ಧರ್ಮರಾಯ ಆಡಿದ ಸುಳ್ಳು. ಸೆಂದಾಯಿಯ ಶಿಷ್ಯನೂ ಗುರುವಿಗೆ ಸುಳ್ಳು ಹೇಳಿದ. ಅಲ್ಲಿಯ ಸುಳ್ಳು ಗುರುವಿನ ಕೈಯಿಂದ ಶಸ್ತ್ರ ಇಳಿಸಲು, ಇಲ್ಲಿಯದು ಗುರುವಿನ ಮುಖದ ನೋವನ್ನು ಸ್ವಲ್ಪ ಇಳಿಸಲು. ಎರಡೂ ಕಡೆ, ಎರಡು ಋಣಗಳ ನಡುವೆ ಸಿಕ್ಕಿಬಿದ್ದವನ ಬಾಯಿಂದ ನಿಜ ಹೊರಡಲಿಲ್ಲ. ಯಾವ ನಿಷ್ಠೆ ಗೆಲ್ಲಬೇಕೆಂದು ನೀವು ಕೇಳಿದಿರಿ; ನಿಮ್ಮ ನಾಯಕ ಯಾರಿಗೆ, ಯಾವ ಸುಳ್ಳು ಹೇಳಬೇಕಾಗಿ ಬರುತ್ತದೆ ಎಂಬುದನ್ನು ಮೊದಲು ಕಂಡುಕೊಳ್ಳಿ ಎಂಬುದು ನನ್ನ ಸಲಹೆ.

ಫುಜಿನೊ ಅವರ ಕಡೆಯಿಂದಲೂ ಒಂದು ಮಾತು ಹೇಳಬೇಕು. ಅವರ ಶಾಲೆ ಮುಂದೆ ವಿಶ್ವವಿದ್ಯಾಲಯದ ಭಾಗವಾದಾಗ 1915ರಲ್ಲಿ ಅವರು ಕೆಲಸ ಕಳೆದುಕೊಂಡು, ತಮ್ಮ ಫುಕುಯಿ ಸೀಮೆಗೆ ಮರಳಿ ಹಳ್ಳಿಯ ವೈದ್ಯರಾದರು. ಲು ಶುನ್ 1936ರಲ್ಲಿ ತೀರಿಕೊಂಡ ಮೇಲೆ, ಆ ಶಿಷ್ಯನನ್ನು ನೆನೆದು 1937ರಲ್ಲಿ ಒಂದು ಪುಟ್ಟ ಬರಹ ಪ್ರಕಟಿಸಿದರು. ಹುಡುಗನ ನೆನಪು ಅಷ್ಟು ಸ್ಪಷ್ಟವಾಗಿಲ್ಲ, ನೋಟ್ಸ್ ಸ್ವಲ್ಪ ತಿದ್ದಿಕೊಟ್ಟಿದ್ದಷ್ಟೇ ಎಂದು ಅಲ್ಲಿ ಸಂಕೋಚಪಡುತ್ತಾರೆ. ಬಾಲ್ಯದಲ್ಲಿ ಒಬ್ಬ ಮೇಷ್ಟರು ತಮಗೆ ಚೀನೀ ಶಾಸ್ತ್ರಗ್ರಂಥಗಳನ್ನು ಕಲಿಸಿದ್ದರಿಂದ, ಆ ನಾಡಿನ ಹಿರಿಯರ ಮೇಲೆ ಗೌರವವಿತ್ತು, ಆ ದೇಶದವರನ್ನು ಚೆನ್ನಾಗಿ ನೋಡಿಕೊಳ್ಳಬೇಕೆಂಬ ಭಾವವಿತ್ತು ಎಂದು ಕಾರಣ ಕೊಡುತ್ತಾರೆ. ಅದೇ ವರ್ಷ ಜುಲೈಯಲ್ಲಿ ಜಪಾನ್ ಚೀನಾದ ಮೇಲೆ ಪೂರ್ಣ ಯುದ್ಧಕ್ಕಿಳಿಯಿತು. ಫುಜಿನೊ ತೀರಿಕೊಂಡದ್ದು 1945ರ ಆಗಸ್ಟ್ 11ರಂದು, ಶರಣಾಗತಿಗೆ ನಾಲ್ಕು ದಿನ ಮೊದಲು. ಕಳೆದೇಹೋದವೆಂದು ಲು ಶುನ್ ಮರುಗಿದ್ದ ಆ ನೋಟ್ಸು, ಆರು ಸಂಪುಟಗಳು, 1951ರಲ್ಲಿ ಅವರ ಹುಟ್ಟೂರು ಶಾವೊಶಿಂಗ್‌ನಲ್ಲಿ ಸಿಕ್ಕಿದವು. ಅವುಗಳ ಪುಟಗಳ ಛಾಯಾಚಿತ್ರ ಸಿಕ್ಕರೆ ದಯವಿಟ್ಟು ನೋಡಿ.

ಕೊನೆಯದಾಗಿ ನಿಮ್ಮ ಅಧ್ಯಾಯಗಳ ಬಗ್ಗೆ. ಹದಿಮೂರನೆಯದರಲ್ಲಿ ಪ್ರೊಫೆಸರು ಸಾಮ್ರಾಜ್ಯದ ನ್ಯಾಯಾನ್ಯಾಯಗಳ ಮೇಲೆ ಮೂರು ಪುಟ ಮಾತಾಡುತ್ತಾರೆ, ಶಿಷ್ಯ ಎರಡು ಪುಟ ಮರುನುಡಿಯುತ್ತಾನೆ. ಆ ಐದೂ ಪುಟಗಳನ್ನು ತೆಗೆದುಬಿಡಿ ಎಂದು ಕೇಳಿಕೊಳ್ಳುತ್ತೇನೆ. ಅಲ್ಲಿ ಮಾತಾಡುತ್ತಿರುವುದು ಎರಡು ದೇಶಗಳು, ಮನುಷ್ಯರಲ್ಲ. ಆದರೆ ಹದಿನಾಲ್ಕರಲ್ಲಿ ನೀವು ಒಂದೇ ಸಾಲಿನಲ್ಲಿ ದಾಟಿಹೋದ ಸಂಗತಿಯೊಂದಿದೆ. ರಾತ್ರಿ ಟೆಲಿಗ್ರಾಫ್ ತಂತಿ ಕತ್ತರಿಸಲು ಹುಡುಗ ಒಯ್ದ ಇಕ್ಕಳ ಕಾಲೇಜಿನ ಲ್ಯಾಬಿನದು, ಆ ಲ್ಯಾಬಿನ ಬೀಗದ ಕೈಯನ್ನು ನಂಬಿ ಅವನಿಗೆ ಕೊಟ್ಟವರು ಪ್ರೊಫೆಸರು. ಅವನು ಅದನ್ನು ತೊಳೆದು ಒರೆಸಿ ಹಿಂದಿರುಗಿ ಇಟ್ಟನೋ, ಹೊಳೆಗೆ ಎಸೆದನೋ ನೀವು ಹೇಳಿಲ್ಲ. ಎಸೆದಿದ್ದರೆ, ತಿಂಗಳ ಕೊನೆಗೆ ಸ್ಟಾಕ್ ರಿಜಿಸ್ಟರ್ ತೆರೆದು ಸಾಮಾನು ಎಣಿಸಲು ಕೂರುವ ಪ್ರೊಫೆಸರಿಗೆ ಒಂದು ಇಕ್ಕಳ ಕಡಿಮೆ ಬೀಳುತ್ತದೆ. ಹೊರಗೆ ಪೊಲೀಸರು ವಿಚಾರಣೆಗೆ ಬಂದಿರುತ್ತಾರೆ, ಹುಡುಗ ಪಕ್ಕದಲ್ಲೇ ನಿಂತಿರುತ್ತಾನೆ. ಆ ಕಾಲಂನಲ್ಲಿ ಅವರು ಏನು ಬರೆಯುತ್ತಾರೆ, ಯಾವ ಶಾಯಿಯಲ್ಲಿ? ಅದನ್ನು ಬರೆದು ಕಳಿಸಿ. ಓದಲು ಕಾಯುತ್ತಿರುತ್ತೇನೆ.

ವಿಶ್ವಾಸದಿಂದ,
ಸಂಪಾದಕ