ರಾತ್ರಿಯ ರಾಣಿ ಚೀರ್ತಾಳಾ? ಧಾರವಾಡದ ಮಾಸ್ತರರಿಗೆ ಸಂಪಾದಕರ ಉತ್ತರ

ಧಾರವಾಡದ ನಿವೃತ್ತ ಸಂಗೀತ ಮಾಸ್ತರರೊಬ್ಬರ ಪತ್ರ ಬಂದಿದೆ. 1977ರಲ್ಲಿ ವಾಯೇಜರ್ ಬಾಹ್ಯಾಕಾಶ ನೌಕೆಯಲ್ಲಿ ಇಟ್ಟು ಕಳ್ಸಿದ, ಭೂಮಿಯ ಹಾಡು, ಮಾತು ತುಂಬಿದ ಚಿನ್ನದ ಲೇಪದ ತಟ್ಟೆ ಬಗ್ಗೆ ನಾವು ಬರೆದಿದ್ದಕ್ಕೆ ಬಂದ ಪತ್ರ. ಉದ್ದ ಇದೆ, ಸಾರ ಇಷ್ಟು: "ವಾಯೇಜರ್ ನೌಕೆಯ ಚಿನ್ನದ ತಟ್ಟಿ ಬಗ್ಗೆ ಹೋದ ಸಂಚಿಕೆಯೊಳಗ ಬರ್ದೀರಿ, ಕೇಸರಬಾಯಿ ಕೇರ್ಕರ್ ಅವರಿಗೆ ಎರಡು ಪುಟ ಕೊಟ್ಟೀರಿ, ಸಂತೋಷ. ಅದೇ ತಟ್ಟಿಯೊಳಗ ಮೊಜಾರ್ಟನ ಹಾಡು ಹಾಡಿದಾಕಿ ಎಡ್ಡಾ ಮೋಸರ್ ಅಂತ ಹೆಸರು ಬರ್ದು ಮುಂದ ಹೋಗಿಬಿಟ್ಟೀರಿ. ಮೊಬೈಲ್‌ನ್ಯಾಗ ಕೇಳಿದೆ. ಹಾಡೋ ಚೀರಾಟೋ ತಿಳೀಲಿಲ್ಲ. ಈಕಿ ಅದೊಂದ ಹಾಡಿಗೆ ಹೆಸರಾದಾಕೀನೋ, ಮತ್ತೇನರ ಹಾಡ್ಯಾಳೋ?"

ಮಾಸ್ತರೇ, ಕೇಸರಬಾಯಿ ಅಂದ್ರೆ ಆ ತಟ್ಟೆಯಲ್ಲಿ ಹಾಡಿರೋ ಹಿಂದುಸ್ತಾನಿ ಗಾಯಕಿ, ಅಲ್ಲಾದಿಯಾ ಖಾನರ ಶಿಷ್ಯೆ, ನಿಮ್ಮೂರಿನ ಮಲ್ಲಿಕಾರ್ಜುನ ಮನ್ಸೂರರು ಕಲಿತಿದ್ದೂ ಅದೇ ಖಾನ್ ಸಾಹೇಬರ ಮಕ್ಕಳ ಹತ್ರ, ಹಾಗಾಗಿ ನಮ್ಮವರು ಅನ್ನೋ ಅಭಿಮಾನಕ್ಕೆ ಎರಡು ಪುಟ ಹೋಯ್ತು. ತಟ್ಟೆಯಲ್ಲಿರೋ 55 ಭಾಷೆಯ ಶುಭಾಶಯದಲ್ಲಿ ಕನ್ನಡವೂ ಇದೆ ಅಂತ ಇನ್ನರ್ಧ ಪುಟ. ಎಡ್ಡಾ ಮೋಸರ್ ಬಗ್ಗೆ ಬರೀಬೇಕು ಅಂತ ನನಗೂ ಇತ್ತು, ನೀವು ಕೇಳಿದ್ದು ಒಳ್ಳೇದೇ ಆಯ್ತು.

ಮೊದ್ಲು ಚೀರಾಟದ ವಿಷಯ. ಆ ಹಾಡು ಮೊಜಾರ್ಟ್ 1791ರಲ್ಲಿ, ತೀರಿಕೊಳ್ಳೋ ವರ್ಷ, ವಿಯೆನ್ನಾದ ಒಂದು ನಾಟಕಶಾಲೆಗೆ ಬರೆದ 'ದಿ ಮ್ಯಾಜಿಕ್ ಫ್ಲೂಟ್' ಅನ್ನೋ ಆಪೆರಾದ್ದು. ರಾತ್ರಿಯ ರಾಣಿ ಮಗಳ ಕೈಗೆ ಚಾಕು ಕೊಟ್ಟು, ಇದ್ರಲ್ಲಿ ನನ್ನ ವೈರಿ ಸರಾಸ್ತ್ರೋನನ್ನ ಕೊಂದು ಬಾ, ಇಲ್ದಿದ್ರೆ ನೀನು ನನ್ನ ಮಗಳೇ ಅಲ್ಲ ಅಂತ ಹೇಳೋ ಸನ್ನಿವೇಶ, ಅಂದ್ರೆ ಶಾಪ ಹಾಕೋ ಹಾಡು, ಹಿತವಾಗಿರ್ಬೇಕು ಅಂತ ಬರೆದಿದ್ದೇ ಅಲ್ಲ. ಈಗ ನಿಮ್ಮ ಹಾರ್ಮೋನಿಯಂ ತಗೊಳ್ಳಿ. ಬಿಳಿ ಒಂದರ ನಡುವಿನ ಸಾ ಹಿಡೀರಿ, ತಾರ ಷಡ್ಜಕ್ಕೆ ಹೋಗಿ, ಅಲ್ಲಿಂದ ಇನ್ನೂ ಒಂದು ಪೂರ್ತಿ ಸಪ್ತಕ ಮೇಲೆ ಹೋಗಿ, ಅದಾದ್ಮೇಲೆ ಸಿಗೋ ಶುದ್ಧ ಮಧ್ಯಮ ಇದ್ಯಲ್ಲ, ರಾಣಿ ಮುಟ್ಟೋ ಸ್ವರ ಅದು, ಒಂದ್ಸಲ ಅಲ್ಲ, ಮತ್ತೆ ಮತ್ತೆ. ಅದೂ ಮೀಂಡ್‌ನಲ್ಲಿ ಜಾರಿ ಹೋಗಿ ಮುಟ್ಟೋದಲ್ಲ, ಒಂದೊಂದು ಸ್ವರನೂ ಬಿಡಿಬಿಡಿಯಾಗಿ ಮೊಳೆ ಹೊಡೆದ ಹಾಗೆ ಕೂರಿಸ್ಬೇಕು, ಮೈಕ್ ಇಲ್ಲದೆ, ಇಡೀ ಆರ್ಕೆಸ್ಟ್ರಾದ ಮೇಲೆ ಕೇಳೋ ಹಾಗೆ. ಮೀಂಡ್ ಕೇಳಿ ಬೆಳೆದ ಕಿವಿಗೆ ಅದು ಚುಚ್ಚುತ್ತೆ, ಒಪ್ತೀನಿ.

ಆದ್ರೆ ಆ ಮೇಲಿನ ಸ್ವರಗಳನ್ನ ಮುಟ್ಟೋರು ಬೇಕಾದಷ್ಟು ಜನ ಇದ್ದಾರೆ ಮಾಸ್ತರೇ. ಈ ಪಾತ್ರ ಸಾಮಾನ್ಯವಾಗಿ ಹೋಗೋದು ಹಗುರ ದನಿಯವರಿಗೆ, ಹಕ್ಕಿ ಥರದ ಚುರುಕು ದನಿ, ಮೇಲೆ ಸಲೀಸಾಗಿ ಓಡಾಡ್ತಾರೆ, ಕೇಳೋಕೆ ಚೆಂದ, ಆದ್ರೆ ಇವಳ ಮಾತಿಗೆ ಯಾರಾದ್ರೂ ಹೆದರ್ತಾರಾ ಅಂತ ಕೇಳಿದ್ರೆ ಇಲ್ಲ. ಮೋಸರ್ ಅವರದ್ದು ತೂಕ ಇದ್ದ ದನಿ. ಶುರುವಿನ ಸಾಲು ಕೇಳಿ, ಅದು ಮೇಲಿನ ಸಪ್ತಕದ್ದಲ್ಲ, ನಡುವಿನ ಸ್ವರಗಳಲ್ಲೇ ಇದೆ, ಹಗುರ ದನಿಯವರು ಅಲ್ಲಿ ಸ್ವಲ್ಪ ತೆಳ್ಳಗಾಗಿ ಬೇಗ ಮೇಲೆ ಹೋದ್ರೆ ಸಾಕು ಅನ್ನೋ ಥರ ಹಾಡ್ತಾರೆ, ಈಕೆ ಅಲ್ಲೇ ಕಾಲೂರಿ ನಿಂತು ಗದರಿಸ್ತಾರೆ. ಆಮೇಲೆ ಕೊನೆ. ಸೇಡಿನ ದೇವತೆಗಳೇ ಕೇಳಿ ಅಂತ ಮೂರು ಸಲ ಕೂಗೋ ಜಾಗ ಇದೆ, ಸ್ವರ ಎಳೆದು ನಿಲ್ಲಿಸಿ ಆಣೆ ಹಾಕಿ ಮುಗಿಸೋದು, ಅಷ್ಟೆಲ್ಲಾ ಸರ್ಕಸ್ ಮಾಡಿ ಬಂದ ಗಂಟಲಲ್ಲಿ ಅಲ್ಲಿ ಇನ್ನೂ ಬಲ ಉಳಿದಿರುತ್ತೆ ನೋಡಿ, ನನಗೆ ಇಡೀ ಹಾಡಲ್ಲಿ ಮೈ ಜುಮ್ಮನ್ನೋದು ಅಲ್ಲೇ, ಮೇಲಿನ ಮಧ್ಯಮಕ್ಕಲ್ಲ. ಮ್ಯೂನಿಕ್‌ನಲ್ಲಿ 1972ರಲ್ಲಿ ವೋಲ್ಫ್‌ಗಾಂಗ್ ಸವಾಲಿಶ್ ಅವರ ಆರ್ಕೆಸ್ಟ್ರಾ ನಿರ್ದೇಶನದಲ್ಲಿ ಆದ ರೆಕಾರ್ಡಿಂಗ್ ಅದು, ಐದು ವರ್ಷ ಆದ್ಮೇಲೆ ಖಗೋಳ ವಿಜ್ಞಾನಿ ಕಾರ್ಲ್ ಸೇಗನ್ ಅವರ ಸಮಿತಿ ವಾಯೇಜರ್ ತಟ್ಟೆಗೆ ಅದನ್ನೇ ಆರಿಸ್ತು.

ಇನ್ನು ಒಂದೇ ಹಾಡಿನವರಾ ಅನ್ನೋ ಪ್ರಶ್ನೆ. ಆಕೆ ಹುಟ್ಟಿದ್ದು 1938ರಲ್ಲಿ, ಬರ್ಲಿನ್‌ನಲ್ಲಿ, ಸಂಗೀತದ ಮನೆತನ. ತಾತ ಆಂಡ್ರಿಯಾಸ್ ಮೋಸರ್ ಪಿಟೀಲು ವಿದ್ವಾಂಸರು, ತಂದೆ ಹಾನ್ಸ್ ಯೋಆಖಿಮ್ ಮೋಸರ್ ದೊಡ್ಡ ಸಂಗೀತ ಪಂಡಿತರು, ನಾಜಿ ಕಾಲದಲ್ಲಿ ಗೋಬೆಲ್ಸ್‌ನ ಪ್ರಚಾರ ಇಲಾಖೆ ಕೆಳಗಿದ್ದ ಸಂಗೀತ ವಿಭಾಗದ ಆಫೀಸಲ್ಲಿ ಕೆಲಸ ಮಾಡಿದವರೂ ಹೌದು, ಅದನ್ನ ಮುಚ್ಚಿಡೋದ್ರಲ್ಲಿ ಅರ್ಥ ಇಲ್ಲ. ಮಗಳು ಸ್ಟೇಜ್ ಹತ್ತಿದ್ದು 1962ರಲ್ಲಿ, 'ಮೇಡಮ್ ಬಟರ್‌ಫ್ಲೈ'ನಲ್ಲಿ ಕೊನೇಗೆ ಬಂದು ನಾಲ್ಕು ಮಾತು ಹಾಡಿ ಹೋಗೋ ಅಮೆರಿಕನ್ ಹೆಂಡತಿ ಪಾತ್ರ, ಅಷ್ಟೇ. ಆಮೇಲೆ ವುರ್ಟ್ಸ್‌ಬುರ್ಗ್, ಹಾಗೆನ್, ಬೀಲೆಫೆಲ್ಡ್ ಅಂತ ಸಣ್ಣ ಊರುಗಳು. ಜರ್ಮನಿಯಲ್ಲಿ ಸಣ್ಣ ಸಣ್ಣ ಊರಿಗೂ ಸರ್ಕಾರಿ ದುಡ್ಡಲ್ಲಿ ನಡೆಯೋ ಆಪೆರಾ ಮನೆ ಇರುತ್ತೆ, ತಿಂಗಳ ಸಂಬಳ, ಇವತ್ತು ಮೊಜಾರ್ಟ್ ನಾಳೆ ಆಪರೆಟ್ಟಾ ಅನ್ನೋ ಹಗುರ ಸಂಗೀತ ನಾಟಕ, ಕೊಟ್ಟಿದ್ದು ಹಾಡ್ಬೇಕು. ನಮ್ಮ ವೃತ್ತಿ ನಾಟಕ ಕಂಪನಿಗಳಲ್ಲಿ ಪಳಗಿದವರ ಕಥೆ ನಿಮಗೆ ಗೊತ್ತಲ್ಲ, ಬಿಡಿಸಿ ಹೇಳೋದು ಬೇಡ.

1968 ಆಕೆಗೆ ದೊಡ್ಡ ವರ್ಷ. ನವೆಂಬರ್‌ನಲ್ಲಿ ನ್ಯೂಯಾರ್ಕ್‌ನ ಮೆಟ್ರೊಪಾಲಿಟನ್ ಆಪೆರಾದಲ್ಲಿ ಹೆರ್ಬರ್ಟ್ ಫಾನ್ ಕಾರಾಯಾನ್ ಅವರ ಆರ್ಕೆಸ್ಟ್ರಾ ನಿರ್ದೇಶನದಲ್ಲಿ, ವಾಗ್ನರ್‌ನ ಆಪೆರಾದಲ್ಲಿ ಬರೋ ರೈನ್ ನದಿಯ ಕನ್ಯೆಯರಲ್ಲಿ ಒಬ್ಬಳಾಗಿ ಹಾಡಿದ್ರು. ಡಿಸೆಂಬರ್ 9ಕ್ಕೆ ಹ್ಯಾಂಬರ್ಗ್‌ನಲ್ಲಿ ಜರ್ಮನ್ ಸಂಗೀತ ರಚನಕಾರ ಹಾನ್ಸ್ ವೆರ್ನರ್ ಹೆಂಟ್ಸೆ ಅವರ ಹೊಸ ಕೃತಿ, 'ಮೆಡೂಸಾದ ತೆಪ್ಪ'. 1816ರಲ್ಲಿ ಮರಳ ದಿಬ್ಬಕ್ಕೆ ಸಿಕ್ಕಿಹಾಕ್ಕೊಂಡ ಮೆಡೂಸಾ ಅನ್ನೋ ಫ್ರೆಂಚ್ ಹಡಗಿನ ಕಥೆ, ಅಧಿಕಾರಿಗಳು ದೋಣಿ ಹತ್ತಿಕೊಂಡು ಬಡ ಸಿಪಾಯಿಗಳನ್ನ ತೆಪ್ಪದ ಮೇಲೆ ಸಾಯೋಕೆ ಬಿಟ್ಟು ಹೋಗಿದ್ದು. ಇದ್ರಲ್ಲಿ ಮೋಸರ್ ಅವರದ್ದು ಸಾವಿನ ಪಾತ್ರ, ಎದುರಿಗೆ ಹೆಸರಾಂತ ಗಾಯಕ ಡೀಟ್ರಿಷ್ ಫಿಷರ್-ಡೀಸ್ಕಾವ್. ಹೆಂಟ್ಸೆ ಈ ಕೃತಿನ ಚೆ ಗೆವಾರಾ ನೆನಪಿಗೆ ಅರ್ಪಿಸಿದ್ರು, ವಿದ್ಯಾರ್ಥಿಗಳು ವೇದಿಕೆಗೆ ಚೆ ಪೋಸ್ಟರ್ ಅಂಟಿಸಿದ್ರು, ಕೆಂಪು ಬಾವುಟ ಬಂತು, ಪಶ್ಚಿಮ ಬರ್ಲಿನ್‌ನಿಂದ ಬಂದಿದ್ದ ಕೋರಸ್‌ನವರು ಬಾವುಟದ ಕೆಳಗೆ ನಾವು ಹಾಡಲ್ಲ ಅಂದ್ರು, ಗಲಾಟೆ ಆಗಿ ಪೊಲೀಸರು ನುಗ್ಗಿದ್ರು, ಸಾಹಿತ್ಯ ಬರೆದ ಎರ್ನ್‌ಸ್ಟ್ ಶ್ನಾಬೆಲ್ ಅವರನ್ನೇ ಹಿಡ್ಕೊಂಡು ಹೋದ್ರು, ಕಛೇರಿ ಅಲ್ಲಿಗೆ ಕ್ಯಾನ್ಸಲ್. ರೇಡಿಯೋದಲ್ಲಿ ಜನ ಕೇಳಿದ್ದು ರಿಹರ್ಸಲ್‌ನ ಟೇಪ್. ಆ ಧ್ವನಿಮುದ್ರಣ ಆಮೇಲೆ ಡಿಸ್ಕ್ ಆಗಿ ಬಂತು, ಸಾವು ಸೈನಿಕರನ್ನ ತನ್ನ ಕಡೆ ಕರೆಯೋ ಆ ಹಾಡುಗಳನ್ನ ಮೋಸರ್ ಹೇಗೆ ಹಾಡಿದ್ದಾರೆ ಅಂದ್ರೆ, ಹೆದರಿಸೋದೇ ಇಲ್ಲ, ಬಾ ಬಾ ಅಂತ ಕರೀತಾರೆ. ಚೀರಾಟ ಅಂದಿರಲ್ಲ, ಅದಕ್ಕೆ ಪೂರ್ತಿ ಉಲ್ಟಾ ಇದು.

ಮೆಟ್‌ನಲ್ಲಿ ಆಮೇಲೆ ರಾತ್ರಿಯ ರಾಣಿ, ಮೊಜಾರ್ಟ್‌ನ 'ಡಾನ್ ಜಿಯೊವಾನ್ನಿ'ಯ ಡೋನ್ನಾ ಆನ್ನಾ ಎಲ್ಲಾ ಆಯ್ತು, ವಿಯೆನ್ನಾ ಆಯ್ತು. ಮೊಜಾರ್ಟ್‌ನ 'ಇಡೊಮೆನಿಯೋ'ದಲ್ಲಿ ಎಲೆಕ್ಟ್ರಾ, ಶೂಮನ್‌ನ 'ಗೆನೊವೇವಾ', ಡ್ರೆಸ್ಡೆನ್‌ನಲ್ಲಿ ಹೆರ್ಬರ್ಟ್ ಬ್ಲೂಮ್‌ಸ್ಟೆಟ್ ನಿರ್ದೇಶನದಲ್ಲಿ ಬೀಥೊವನ್‌ನ 'ಲಿಯೊನೋರ್', ಎಲ್ಲದರ ರೆಕಾರ್ಡಿಂಗ್ ಇದೆ. ಆಪೆರಾ ಬಿಟ್ಟು ಪಿಯಾನೋ ಜೊತೆ ಹಾಡೋ ಜರ್ಮನ್ ಭಾವಗೀತೆ ಕಛೇರಿಗಳೂ ಮಾಡ್ತಿದ್ರು. ರಾಣಿ ಪಾತ್ರ ಮಾಡೋರು ಲಿಯೊನೋರ್ ಹಾಡೋದು ತೀರಾ ಅಪರೂಪ ಮಾಸ್ತರೇ, ಎರಡಕ್ಕೂ ಬೇಕಾಗೋ ಗಂಟಲೇ ಬೇರೆ.

ಮುಖ ನೋಡ್ಬೇಕು ಅಂದ್ರೆ 1979ರ 'ಡಾನ್ ಜಿಯೊವಾನ್ನಿ' ಸಿನಿಮಾ ಇದೆ, ಜೋಸೆಫ್ ಲೋಸೀ ಮಾಡಿದ್ದು, ಇಟಲಿಯ ವಿಚೆಂಜಾ ಹತ್ರ ಹಳೇ ಕಾಲದ ವಾಸ್ತುಶಿಲ್ಪಿ ಪಲ್ಲಾಡಿಯೋ ಕಟ್ಟಿದ ಬಂಗಲೆಗಳಲ್ಲಿ ಶೂಟಿಂಗ್. ನಮ್ಮ ಸಿನಿಮಾ ಥರಾನೇ ಮೊದ್ಲೇ ರೆಕಾರ್ಡ್ ಆದ ಹಾಡಿಗೆ ತುಟಿ ಚಲನೆ, ದನಿ ಮಾತ್ರ ಅವರದ್ದೇ. ಅಪ್ಪನನ್ನ ಕೊಂದವನು ಇವನೇ ಅಂತ ಡೋನ್ನಾ ಆನ್ನಾಗೆ ಗೊತ್ತಾಗೋ ಜಾಗ ನೋಡಿ, ಅಲ್ಲೂ ಸೇಡಿನ ಹಾಡೇ, ಆದ್ರೆ ರಾಣಿಯ ಸಿಟ್ಟೇ ಬೇರೆ, ತಂದೆ ಕಳ್ಕೊಂಡ ಮಗಳ ಸಿಟ್ಟೇ ಬೇರೆ.

ಹಾಡೋದು ಕಮ್ಮಿ ಆದ್ಮೇಲೆ ಕಲೋನ್ ಸಂಗೀತ ವಿದ್ಯಾಲಯದಲ್ಲಿ ಪ್ರೊಫೆಸರ್. 2006ರಲ್ಲಿ ಜರ್ಮನ್ ಭಾಷೆಗೆ ಅಂತಲೇ ಒಂದು ಉತ್ಸವ ಶುರು ಮಾಡಿದ್ರು, ಆಮೇಲೆ ಅದು ಬಾಡ್ ಲೌಖ್‌ಸ್ಟೆಟ್ ಅನ್ನೋ ಪುಟ್ಟ ಊರಲ್ಲಿ, ಜರ್ಮನ್ ಕವಿ ಗಯಟೆ ಕಾಲದ ನಾಟಕಶಾಲೆಯಲ್ಲಿ ನಡೀತು. ಒಂದು ಪ್ಯಾರಾದಲ್ಲಿ ಹತ್ತು ಇಂಗ್ಲಿಷ್ ಪದ ತುರುಕೋ ನನ್ನಂಥ ಸಂಪಾದಕನನ್ನ ಅಲ್ಲಿಗೆ ಒಳಗೆ ಬಿಡ್ತಾರೋ ಇಲ್ವೋ.

ಹಾಗಾಗಿ ಹೀಗೆ ಮಾಡಿ. ಮೊದ್ಲು ಮೆಡೂಸಾ ಕೇಳ್ಬೇಡಿ, ಅದು ಕಷ್ಟ ಆಗುತ್ತೆ. 'ಇಡೊಮೆನಿಯೋ'ದಿಂದ ಶುರು ಮಾಡಿ, ಎಲೆಕ್ಟ್ರಾಗೆ ಅದ್ರಲ್ಲಿ ಒಂದು ಮೆತ್ತನೆ ಪ್ರೀತಿಯ ಹಾಡೂ ಇದೆ, ಕೊನೇಲಿ ಹುಚ್ಚು ಹಿಡಿಸೋ ಹಾಡೂ ಇದೆ. ಆಮೇಲೆ ಡೋನ್ನಾ ಆನ್ನಾ, ಆಮೇಲೆ ವಾಯೇಜರ್‌ನ ಹಾಡು ಇನ್ನೊಂದ್ಸಲ, ಮೊಬೈಲ್ ಸ್ಪೀಕರ್‌ನಲ್ಲಿ ಬೇಡ ದಯವಿಟ್ಟು, ಮೊಮ್ಮಕ್ಕಳ ಹತ್ರ ಒಳ್ಳೇ ಹೆಡ್‌ಫೋನ್ ಇದ್ರೆ ಇಸ್ಕೊಳ್ಳಿ. ಅದಾದ್ಮೇಲೂ ಚೀರಾಟ ಅಂತಲೇ ಅನ್ಸಿದ್ರೆ ಹಾಗೇ ಬರೆದು ಕಳ್ಸಿ, ಒಂದಕ್ಷರ ಕತ್ತರಿಸದೆ ಹಾಕ್ತೀವಿ.